20 ಅಂಕ ಯಾರ ಕೈಯಲ್ಲಿದೆ? ಎಸ್ಸೆಸ್ಸೆಲ್ಸಿ, ಪ್ರಯೋಗ ಮತ್ತು ನಾವು ಅಳೆಯದೇ ಬಿಟ್ಟ ಕಲಿಕೆ

ಪಾಸ್ ಮಾರ್ಕ್ಸ್ 35 ಇರಬೇಕಾ, 33 ಇರಬೇಕಾ ಅಂತ ಜಗಳ ಆಡಿದ್ದಾಯ್ತು. ಆ ಆದೇಶದೊಳಗೆ ಇನ್ನೂ ದೊಡ್ಡ ಬದಲಾವಣೆಯೊಂದಿದೆ. ಅದು ವಿಜ್ಞಾನ, ಗಣಿತವನ್ನು ಕೈಯಾರೆ ಮಾಡಿ ಕಲಿಯಬೇಕಾದ ಮಕ್ಕಳಿಗೆ ಸಂಬಂಧಪಟ್ಟದ್ದು.

ಮೊದಲು ಒಂದು ಸಣ್ಣ ಲೆಕ್ಕ ಹಾಕೋಣ.

2025ರ ಅಕ್ಟೋಬರ್‌ನಲ್ಲಿ ರಾಜ್ಯ ಸರ್ಕಾರ ಎಸ್ಸೆಸ್ಸೆಲ್ಸಿ ಪಾಸಾಗಲು ಬೇಕಾದ ಕನಿಷ್ಠ ಅಂಕವನ್ನು ಶೇ 35ರಿಂದ ಶೇ 33ಕ್ಕೆ ಇಳಿಸಿತು. ಒಟ್ಟು 625ಕ್ಕೆ 206 ಅಂಕ ಬರಬೇಕು. ಜೊತೆಗೆ ಪ್ರತಿ ವಿಷಯದಲ್ಲಿ ಕನಿಷ್ಠ ಶೇ 30 ಇರಬೇಕು. ಆ ಶೇ 30 ಅನ್ನೋದು ಆಂತರಿಕ ಮೌಲ್ಯಮಾಪನ ಮತ್ತು ಲಿಖಿತ ಪರೀಕ್ಷೆ ಎರಡನ್ನೂ ಸೇರಿಸಿ. ಟಿವಿ ಚರ್ಚೆಗಳೆಲ್ಲ 35-33ರ ಸುತ್ತ ಸುತ್ತಿದವು. ನಿಜವಾದ ವಿಷಯ ಇದ್ದದ್ದು 'ಎರಡನ್ನೂ ಸೇರಿಸಿ' ಅನ್ನುವ ಮಾತಿನಲ್ಲಿ.

ಹಿಂದೆ ಲಿಖಿತ ಪರೀಕ್ಷೆಯಲ್ಲೇ ಪ್ರತ್ಯೇಕವಾಗಿ ಶೇ 35 ತೆಗೆಯಬೇಕಿತ್ತು, ಅಂದರೆ 80ಕ್ಕೆ 28. ಈಗ ವಿಜ್ಞಾನದಲ್ಲಿ ಆಂತರಿಕ ಅಂಕ 20ಕ್ಕೆ 20 ಸಿಕ್ಕಿದ್ದರೆ ಲಿಖಿತ ಪರೀಕ್ಷೆಯಲ್ಲಿ 80ಕ್ಕೆ 10 ಸಾಕು. ಆರೂ ವಿಷಯಕ್ಕೆ ಇದನ್ನು ವಿಸ್ತರಿಸಿ ನೋಡಿ. ಮೊದಲ ಭಾಷೆಗೆ 25, ಉಳಿದ ಐದಕ್ಕೆ ತಲಾ 20, ಒಟ್ಟು 125 ಆಂತರಿಕ ಅಂಕಗಳು. ಅಷ್ಟೂ ಸಿಕ್ಕ ವಿದ್ಯಾರ್ಥಿಗೆ 206 ಮುಟ್ಟಲು ಮೂರು ಗಂಟೆಯ ಪರೀಕ್ಷೆಗಳಿಂದ ಬೇಕಾಗೋದು 500ಕ್ಕೆ 81. ಶೇ 16 ಚಿಲ್ಲರೆ.

ಅಂದರೆ ಶಾಲೆಯ ಒಳಗೆ, ಶಿಕ್ಷಕರ ಪೆನ್ನಿನಲ್ಲಿ ತೀರ್ಮಾನವಾಗುವ ಆ 20 ಅಂಕಕ್ಕೆ ಈಗ ಹಿಂದೆಂದೂ ಇಲ್ಲದ ತೂಕ ಬಂದಿದೆ. ಹಾಗಾದರೆ ಆ 20 ಅಂಕ ಯಾವುದಕ್ಕೆ ಕೊಡೋದು?

ಏನು ಅಳೀಬೇಕಿತ್ತು, ಏನು ಅಳೀತಿದ್ದೀವಿ

ವರ್ಷವಿಡೀ ನಡೆಯುವ ರೂಪಣಾತ್ಮಕ ಮೌಲ್ಯಮಾಪನಗಳ ಅಂಕವನ್ನು ಕುಗ್ಗಿಸಿ ಈ 20ಕ್ಕೆ ತರುತ್ತಾರೆ. ಅದರೊಳಗೆ ಕಿರು ಪರೀಕ್ಷೆಗಳಿವೆ, ಜೊತೆಗೆ ಚಟುವಟಿಕೆ, ಪ್ರಾಜೆಕ್ಟ್, ಪ್ರಯೋಗಗಳಿವೆ. ಎಸ್ಸೆಸ್ಸೆಲ್ಸಿಯಲ್ಲಿ ವಿಜ್ಞಾನಕ್ಕೆ ಪಿಯುಸಿಯ ಥರ ಪ್ರತ್ಯೇಕ ಪ್ರಾಕ್ಟಿಕಲ್ ಪರೀಕ್ಷೆ ಇಲ್ಲ. ಗಣಿತದಲ್ಲಿ ಆ ಮಾತೇ ಇಲ್ಲ. ಹಾಗಾಗಿ ಮಗು ಕೈಯಲ್ಲಿ ಏನು ಮಾಡಬಲ್ಲದು ಅನ್ನೋದಕ್ಕೆ ಇಡೀ ವ್ಯವಸ್ಥೆಯಲ್ಲಿ ಇರುವ ಒಂದೇ ಜಾಗ ಈ 20 ಅಂಕ.

ಪುಸ್ತಕದಲ್ಲಿ ಇದು ಚೆಂದದ ಆಲೋಚನೆ. ಬರೆಯೋಕೆ ತಡವರಿಸುವ, ಆದರೆ ಸರ್ಕ್ಯೂಟ್ ಜೋಡಿಸಿ ಬಲ್ಬ್ ಉರಿಸಬಲ್ಲ ಹುಡುಗಿಗೆ ಅಲ್ಲೊಂದು ಮನ್ನಣೆ ಸಿಗಬೇಕು. ವರ್ಷಕ್ಕೊಮ್ಮೆ ಮೂರು ಗಂಟೆಯಲ್ಲಿ ಎಲ್ಲವೂ ತೀರ್ಮಾನ ಆಗಬಾರದು.

ವಾಸ್ತವ ಏನು ಅನ್ನೋದನ್ನು ಹೈಸ್ಕೂಲ್ ಶಿಕ್ಷಕರ ಜೊತೆ ಒಡನಾಟ ಇರುವ ಯಾರನ್ನಾದರೂ ಕೇಳಿ. ಶಾಲೆಯ ಫಲಿತಾಂಶ ಕುಸಿದರೆ ಮುಖ್ಯ ಶಿಕ್ಷಕರಿಗೆ ನೋಟಿಸ್ ಬರುತ್ತೆ. ಖಾಸಗಿ ಅನುದಾನಿತ ಶಾಲೆಗೆ ಅನುದಾನದ ಚಿಂತೆ, ಅನುದಾನರಹಿತ ಶಾಲೆಗೆ ಮುಂದಿನ ವರ್ಷದ ದಾಖಲಾತಿಯ ಚಿಂತೆ. ಇಂಥ ಒತ್ತಡದಲ್ಲಿ ಇರುವವರ ಕೈಗೇ 20 ಅಂಕ ಕೊಟ್ಟು 'ಪ್ರಾಮಾಣಿಕವಾಗಿ ಹಾಕಿ' ಅಂದರೆ ಏನಾಗುತ್ತೆ? 18, 19, 20. ಇದಕ್ಕೆ ಶಿಕ್ಷಕರನ್ನು ಬೈಯೋದು ಸುಲಭ. ಆದರೆ ತನ್ನ ಮಗುವಿನ ಭವಿಷ್ಯವನ್ನು ತಾನೇ ಕೆಡಿಸುವ ಶಿಕ್ಷಕ ಯಾರೂ ಆಗಲಾರರು. ಪಕ್ಕದ ಶಾಲೆ 20 ಹಾಕುವಾಗ ನಾನು 12 ಹಾಕಿದರೆ ನಷ್ಟ ನನ್ನ ಮಕ್ಕಳಿಗೆ. ಎಲ್ಲರೂ ತಂತಮ್ಮ ಮಟ್ಟಿಗೆ ಸರಿಯಾಗಿಯೇ ಯೋಚಿಸಿ, ಎಲ್ಲರೂ ಸೇರಿ ಅಂಕವನ್ನು ಅರ್ಥಹೀನ ಮಾಡಿಟ್ಟಿದ್ದೇವೆ.

ಎಲ್ಲರಿಗೂ 19 ಸಿಗುವ ಅಂಕ ಯಾವ ಮಾಹಿತಿಯನ್ನೂ ಕೊಡಲ್ಲ. ಪ್ರಯೋಗ ಮಾಡಿಸಿದ ಶಾಲೆಗೂ, ಲ್ಯಾಬಿನ ಬೀರುವಿನ ಬೀಗವನ್ನೇ ತೆಗೆಯದ ಶಾಲೆಗೂ ಒಂದೇ ಫಲ. ಹೀಗಿರುವಾಗ ಮಕ್ಕಳಿಂದ ಪ್ರಯೋಗ ಮಾಡಿಸುವ ಶಿಕ್ಷಕಿಗೆ ಸಿಗೋದೇನು? ಹೆಚ್ಚುವರಿ ಕೆಲಸ, ಒಡೆದ ಬೀಕರಿನ ಲೆಕ್ಕ ಬರೆಯುವ ಕಾಟ, 'ಪೋರ್ಷನ್ ಮುಗಿದಿಲ್ಲ' ಅನ್ನುವ ಆಪಾದನೆ.

ಕ್ಯಾಮೆರಾ ಹಾಕಿದ ಮೇಲೆ

ಈ ಪ್ರಶ್ನೆ ಈಗ ಯಾಕೆ ತುರ್ತು ಅಂದರೆ, ಕಳೆದ ಕೆಲವು ವರ್ಷಗಳ ಎಸ್ಸೆಸ್ಸೆಲ್ಸಿ ಫಲಿತಾಂಶ ನೋಡಿ. 2023ರಲ್ಲಿ ಶೇ 83.89. 2024ರಲ್ಲಿ ಪರೀಕ್ಷಾ ಕೊಠಡಿಗಳಿಗೆ ವೆಬ್‌ಕಾಸ್ಟಿಂಗ್ ಬಂತು, ನಕಲಿಗೆ ಕಡಿವಾಣ ಬಿತ್ತು. ಗ್ರೇಸ್ ಅಂಕವನ್ನು ಶೇ 20ಕ್ಕೆ ಏರಿಸಿದ ಮೇಲೂ ಫಲಿತಾಂಶ ಶೇ 73.40ಕ್ಕೆ ಇಳಿಯಿತು. 2025ರಲ್ಲಿ ಆ ಹೆಚ್ಚುವರಿ ಗ್ರೇಸ್ ಇರಲಿಲ್ಲ, ಮೊದಲ ಪರೀಕ್ಷೆಯಲ್ಲಿ ಪಾಸಾದವರು ಶೇ 62.34. ಆ ವರ್ಷ ದಕ್ಷಿಣ ಕನ್ನಡ ಶೇ 91.12 ಪಡೆದು ಮೊದಲ ಸ್ಥಾನದಲ್ಲಿದ್ದರೆ, ಕಲಬುರಗಿ ಶೇ 42.43ರೊಂದಿಗೆ ಕೊನೆಯಲ್ಲಿತ್ತು. ಒಂದೇ ರಾಜ್ಯ, ಒಂದೇ ಪ್ರಶ್ನೆಪತ್ರಿಕೆ.

ಕ್ಯಾಮೆರಾ ಮಾಡಿದ್ದು ಒಳ್ಳೆಯ ಕೆಲಸವೇ. ಎಷ್ಟು ಮಕ್ಕಳಿಗೆ ನಿಜಕ್ಕೂ ಕಲಿಸಿಲ್ಲ ಅನ್ನೋದನ್ನು ಅದು ತೋರಿಸಿಬಿಟ್ಟಿತು. ಅದಕ್ಕೆ ಸರ್ಕಾರದ ಉತ್ತರವಾಗಿ ಬಂದದ್ದು ಪಾಸ್ ಅಂಕದ ಇಳಿಕೆ. ನಾನು ಅದನ್ನು ವಿರೋಧಿಸುವವನಲ್ಲ. ಹದಿನೈದು-ಹದಿನಾರು ವರ್ಷದ ಮಗುವನ್ನು ಎರಡು ಅಂಕಕ್ಕಾಗಿ ಫೇಲ್ ಅಂತ ಕೂರಿಸಿದರೆ ಹಳ್ಳಿಯಲ್ಲಿ ಏನಾಗುತ್ತೆ ಗೊತ್ತಲ್ವಾ? ಹುಡುಗ ಗಾರೆ ಕೆಲಸಕ್ಕೆ, ಹುಡುಗಿಗೆ ಗಂಡು ಹುಡುಕಾಟ. ಸಿಬಿಎಸ್ಇ ಮಕ್ಕಳಿಗೆ ಮೊದಲಿಂದಲೂ 33 ಇರುವಾಗ ನಮ್ಮ ಮಕ್ಕಳಿಗೆ ಮಾತ್ರ 35 ಯಾಕೆ ಅನ್ನುವ ಪ್ರಶ್ನೆಯೂ ನ್ಯಾಯವೇ.

ಆದರೆ ಕ್ಯಾಮೆರಾ ಪರೀಕ್ಷಾ ಕೊಠಡಿಯ ಬಾಗಿಲನ್ನು ಭದ್ರ ಮಾಡಿತು, ಹೊಸ ನಿಯಮ ಆಂತರಿಕ ಅಂಕದ ಬಾಗಿಲನ್ನು ಅಗಲಿಸಿತು. ಒತ್ತಡವೆಲ್ಲ ಇನ್ನು ಅಲ್ಲಿಗೇ ಹರಿಯುತ್ತೆ. ಕಲಿಯದ ಮಗುವನ್ನು ದಾಟಿಸುವ ಹಳೇ ಕೆಲಸಕ್ಕೆ ಈಗ 'ಚಟುವಟಿಕೆ' ಅನ್ನುವ ಗೌರವದ ಹೆಸರು ಸಿಗುತ್ತೆ. ನನಗೆ ಇರುವ ಭಯ ಇದೇ. ಮುಂದೊಂದು ದಿನ ಯಾರೋ ಒಬ್ಬ ಅಧಿಕಾರಿ ಈ ಅಂಕಗಳೆಲ್ಲ ಬೋಗಸ್ ಅಂತ ತೆಗೆದೇ ಹಾಕ್ತಾರೆ. ಆಗ ಅದರ ಜೊತೆಗೇ, ಪ್ರಯೋಗ ಮಾಡಿಸಲು ಶಾಲೆಗಿದ್ದ ಕೊನೆಯ ಕಾರಣವೂ ಹೋಗುತ್ತೆ.

ರೆಕಾರ್ಡ್ ಬರೆಯುವ ಸಂಸ್ಕೃತಿ

ಮುಂದಿನ ತರಗತಿಗಳಲ್ಲಿ ಪ್ರತ್ಯೇಕ ಪ್ರಾಕ್ಟಿಕಲ್ ಪರೀಕ್ಷೆ ಇದೆಯಲ್ಲ, ಅಲ್ಲಿ ಪರಿಸ್ಥಿತಿ ಹೇಗಿದೆ? ಪಿಯುಸಿ ವಿಜ್ಞಾನದಲ್ಲಿ 70 ಥಿಯರಿ, 30 ಪ್ರಾಕ್ಟಿಕಲ್. ಆದರೆ ನೀಟ್, ಜೆಇಇ ರ‍್ಯಾಂಕಿಗೆ ಆ 30 ಅಂಕ ಲೆಕ್ಕಕ್ಕೇ ಬರಲ್ಲ. ಜೆಇಇ ಮೇನ್ಸ್ ಭೌತವಿಜ್ಞಾನದ ಸಿಲಬಸ್‌ನಲ್ಲಿ ಪ್ರಾಯೋಗಿಕ ಕೌಶಲ ಅಂತಲೇ ಒಂದು ಅಧ್ಯಾಯ ಇದೆ, ವರ್ನಿಯರ್ ಕ್ಯಾಲಿಪರ್ಸ್, ಸ್ಕ್ರೂ ಗೇಜ್ ಎಲ್ಲ ಬರುತ್ತೆ. ವರ್ನಿಯರನ್ನು ಕೈಯಲ್ಲಿ ಹಿಡಿಯದೆಯೇ ಅದರ ಝೀರೋ ಎರರ್ ಲೆಕ್ಕವನ್ನು ಮೂವತ್ತು ಸೆಕೆಂಡಿನಲ್ಲಿ ಬಿಡಿಸೋದನ್ನು ಕೋಚಿಂಗ್ ಕ್ಲಾಸಿನಲ್ಲಿ ಹೇಳಿಕೊಡ್ತಾರೆ. ಪ್ರಶ್ನೆ ಹಾಗಿರುವಾಗ ತಪ್ಪು ಮಕ್ಕಳದ್ದಲ್ಲ.

ಎಂಜಿನಿಯರಿಂಗ್‌ನಲ್ಲೂ ನಾನು ಕಂಡದ್ದು ಇದನ್ನೇ. ನಾನು ಓದಿದ ಕಾಲೇಜಿನ ಲ್ಯಾಬುಗಳಲ್ಲಿ ಎಲ್ಲಕ್ಕಿಂತ ಮುಖ್ಯ ವಸ್ತು ಯಾವುದೇ ಉಪಕರಣ ಆಗಿರಲಿಲ್ಲ, ರೆಕಾರ್ಡ್ ಪುಸ್ತಕ ಆಗಿತ್ತು. ಗ್ರಾಫ್ ನೇರ ಗೆರೆ ಬರಬೇಕು ಅಂತ ಎಲ್ಲರಿಗೂ ಗೊತ್ತಿತ್ತು. ಬರದಿದ್ದರೆ ಯಾಕೆ ಬರಲಿಲ್ಲ ಅಂತ ಯಾರೂ ಕೇಳುತ್ತಿರಲಿಲ್ಲ, 'ರೀಡಿಂಗ್ ಸರಿ ಮಾಡ್ಕೊಂಡು ಬನ್ನಿ' ಅನ್ನುತ್ತಿದ್ದರು. ಪ್ರಯೋಗದಿಂದ ಕಲಿಯೋಕೆ ಇರುವ ಅತ್ಯಂತ ಬೆಲೆಬಾಳುವ ಕ್ಷಣ ಅಂದರೆ ಉತ್ತರ ಹೊಂದಿಕೆಯಾಗದ ಕ್ಷಣ. ಅದನ್ನೇ ಅಳಿಸಿ ಹಾಕುವ ಅಭ್ಯಾಸವನ್ನು ನಾವು ಪ್ರಯೋಗ ಅಂತ ಕರೀತಿದ್ದೀವಿ.

ಹಾಗಾಗಿ ಬರೀ ಪ್ರಾಕ್ಟಿಕಲ್ ಪರೀಕ್ಷೆ ತಂದರೆ ಎಲ್ಲ ಸರಿಹೋಗುತ್ತೆ ಅನ್ನೋದನ್ನು ನಂಬಬೇಡಿ. ಬರೀ ಕಿಟ್ ಕೊಟ್ಟರೆ ಸರಿಹೋಗುತ್ತೆ ಅನ್ನೋದನ್ನೂ. 2016ರಿಂದ ಅಟಲ್ ಟಿಂಕರಿಂಗ್ ಲ್ಯಾಬ್‌ಗಳಿವೆ, ಒಂದೊಂದಕ್ಕೆ 20 ಲಕ್ಷ ರೂಪಾಯಿಯವರೆಗೆ ಅನುದಾನ. ಮುಂದಿನ ಐದು ವರ್ಷಗಳಲ್ಲಿ ಸರ್ಕಾರಿ ಶಾಲೆಗಳಲ್ಲಿ ಇನ್ನೂ 50,000 ಲ್ಯಾಬ್ ಅಂತ 2025ರ ಕೇಂದ್ರ ಬಜೆಟ್ ಘೋಷಿಸಿತು. 3ಡಿ ಪ್ರಿಂಟರ್ ಬರಲಿ, ಸಂತೋಷ. ಆದರೆ ಮಾರ್ಚ್ ತಿಂಗಳ ಪ್ರಶ್ನೆಪತ್ರಿಕೆ ಅದನ್ನು ಮುಟ್ಟಿದ ಮಗುವಿಗೂ ಮುಟ್ಟದ ಮಗುವಿಗೂ ಒಂದೇ ಥರದ ಪ್ರಶ್ನೆ ಕೇಳಿದರೆ, ಡಿಸೆಂಬರ್ ಹೊತ್ತಿಗೆ ಆ ಕೊಠಡಿಗೆ ಬೀಗ ಬೀಳುತ್ತೆ. ಪರೀಕ್ಷೆ ಏನು ಕೇಳುತ್ತೋ ಅದನ್ನೇ ಶಾಲೆ ಕಲಿಸುತ್ತೆ.

ಮಾಡಿದವರಿಗೆ ಮಾತ್ರ ಹೊಳೆಯುವ ಪ್ರಶ್ನೆ

ಹಾಗಾದರೆ ಲಿಖಿತ ಪರೀಕ್ಷೆಯೇ ಕೈಗೆಲಸವನ್ನು ಕೇಳಬಲ್ಲದಾ? ಕೇಳಬಲ್ಲದು. ನಾನೇ ಹಾಕಿಕೊಂಡ ನಾಲ್ಕು ಉದಾಹರಣೆ ಕೊಡ್ತೀನಿ.

ಒಂದು. ಆಮ್ಲ-ಪ್ರತ್ಯಾಮ್ಲ ಪಾಠದಲ್ಲಿ 'ಸೂಚಕ ಎಂದರೇನು? ಎರಡು ಉದಾಹರಣೆ ಕೊಡಿ' ಅಂತ ಕೇಳ್ತಾರೆ. ಬಾಯಿಪಾಠ ಸಾಕು. ಅದರ ಬದಲು ಹೀಗೆ ಕೇಳಿ: ಆರತಿಗೆ ಅರಿಶಿನದ ನೀರಿಗೆ ಸುಣ್ಣ ಹಾಕಿ ಓಕುಳಿ ಮಾಡಿದ್ದಾರೆ, ಕೆಂಪಾಗಿದೆ. ಅದಕ್ಕೆ ನಿಂಬೆರಸ ಹಿಂಡುತ್ತಾ ಹೋದರೆ ಏನು ಕಾಣುತ್ತೆ, ಯಾಕೆ? ಮತ್ತೆ ಸುಣ್ಣದ ತಿಳಿ ಹಾಕಿದರೆ? ಒಮ್ಮೆ ಲೋಟದಲ್ಲಿ ಮಾಡಿ ನೋಡಿದ ಮಗು ಬಣ್ಣ ಹಳದಿಗೆ ವಾಪಸ್ ಬರೋದನ್ನು, ಮತ್ತೆ ಕೆಂಪಾಗೋದನ್ನು ಮರೆಯಲ್ಲ. ಇದಕ್ಕೆ ಲ್ಯಾಬೂ ಬೇಡ, ಬಜೆಟ್ಟೂ ಬೇಡ.

ಎರಡು. ಲೋಲಕದ ಒಂದು ಆಂದೋಲನಕ್ಕೆ ಹಿಡಿಯುವ ಸಮಯವನ್ನು ಇಬ್ಬರು ಅಳೆದಿದ್ದಾರೆ. ಒಬ್ಬಳು ಒಂದೊಂದೇ ಆಂದೋಲನಕ್ಕೆ ಸ್ಟಾಪ್‌ವಾಚ್ ಒತ್ತಿದಳು, 1.6, 2.1, 1.8 ಸೆಕೆಂಡ್ ಬಂತು. ಇನ್ನೊಬ್ಬ 20 ಆಂದೋಲನಕ್ಕೆ ಒಟ್ಟಿಗೆ ಅಳೆದ, 36.2, 36.0, 36.3 ಬಂತು. ಯಾರ ಅಳತೆಯನ್ನು ನಂಬುತ್ತೀರಿ, ಯಾಕೆ? ಸ್ಟಾಪ್‌ವಾಚ್ ಒತ್ತುವ ಬೆರಳು ತಡವಾಗುತ್ತೆ ಅನ್ನೋದು ಒತ್ತಿದವರಿಗೆ ಗೊತ್ತು. ಆ ತಡವನ್ನು ಇಪ್ಪತ್ತಕ್ಕೆ ಹಂಚಿದರೆ ಸಣ್ಣದಾಗುತ್ತೆ ಅನ್ನೋದು ಗಣಿತ.

ಮೂರು. ಓಮ್ ನಿಯಮದ ಪ್ರಯೋಗದಲ್ಲಿ ತಂತಿಯ ಬದಲು ಟಾರ್ಚ್ ಬಲ್ಬ್ ಜೋಡಿಸಿದಾಗ ಗ್ರಾಫ್ ನೇರವಾಗಿ ಬರದೆ ಬಾಗಿತು. ಉಪಕರಣ ಕೆಟ್ಟಿದೆಯಾ, ನಿಯಮ ತಪ್ಪಾ? ಬಲ್ಬಿನ ಫಿಲಮೆಂಟ್ ಬಿಸಿಯಾಗುತ್ತಾ ರೋಧ ಹೆಚ್ಚುತ್ತೆ ಅಂತ ಯೋಚಿಸಬೇಕು. ರೀಡಿಂಗ್ 'ಸರಿ ಮಾಡಿಕೊಂಡು' ಬರೆಯುವ ಮಗುವಿಗೆ ಇದು ಹೊಳೆಯಲ್ಲ.

ನಾಲ್ಕು, ಗಣಿತದಲ್ಲಿ. ತ್ರಿಕೋನಮಿತಿ ಪಾಠದಲ್ಲಿ ಮರದ ಎತ್ತರ ಕಂಡುಹಿಡಿಯುವ ಲೆಕ್ಕ ಎಲ್ಲರೂ ಮಾಡಿದ್ದೀವಿ. ಮರದಿಂದ 12 ಮೀಟರ್ ದೂರ ನಿಂತು, ಕಣ್ಣಿನ ಮಟ್ಟದಿಂದ ನೋಡಿದಾಗ ತುದಿಗೆ 45 ಡಿಗ್ರಿ. ಒಬ್ಬ ವಿದ್ಯಾರ್ಥಿ ಎತ್ತರ 12 ಮೀಟರ್ ಅಂತ ಬರೆದ. ಆಮೇಲೆ ಅಳೆದು ನೋಡಿದರೆ ಸುಮಾರು 13.5 ಮೀಟರ್. ಒಂದೂವರೆ ಮೀಟರ್ ಎಲ್ಲಿ ಹೋಯ್ತು? ಕೋನಮಾಪಕಕ್ಕೆ ದಾರ ಕಟ್ಟಿ, ಸ್ಟ್ರಾ ಅಂಟಿಸಿ ಶಾಲೆಯ ಅಂಗಳದ ತೆಂಗಿನಮರ ಅಳೆದ ಮಗು ನಗುತ್ತಾ ಉತ್ತರ ಹೇಳುತ್ತೆ. ಅಳೆದವನ ಕಣ್ಣು ನೆಲದಲ್ಲಿ ಇರಲಿಲ್ಲ!

ಇಂಥ ಪ್ರಶ್ನೆಗಳನ್ನು ಗೈಡು ಬರೆಯುವವರು ಎರಡೇ ವರ್ಷದಲ್ಲಿ ಬಾಯಿಪಾಠ ಮಾಡಿಸಿಬಿಡ್ತಾರೆ ಅನ್ನಬಹುದು. ಒಂದೇ ಪ್ರಶ್ನೆಯನ್ನು ಮತ್ತೆ ಮತ್ತೆ ಕೇಳಿದರೆ ಹಾಗಾಗುತ್ತೆ, ನಿಜ. ರೀಡಿಂಗ್ ಬದಲಿಸಿ, ತಪ್ಪಿನ ಜಾಗ ಬದಲಿಸಿ ಕೇಳುತ್ತಾ ಹೋದರೆ ಬಾಯಿಪಾಠ ಮಾಡೋದಕ್ಕಿಂತ ಪ್ರಯೋಗ ಮಾಡೋದೇ ಸುಲಭ ಆಗಿಬಿಡುತ್ತೆ.

ಇಂಗ್ಲೆಂಡ್ ಹಿಡಿದದ್ದು ಇದೇ ದಾರಿ. ಅಲ್ಲಿಯ ಜಿಸಿಎಸ್ಇ ಪರೀಕ್ಷೆಯಲ್ಲೂ ಪ್ರಯೋಗಕ್ಕೆ ಶಾಲೆಯೇ ಅಂಕ ಕೊಡುವ ಪದ್ಧತಿ ಇತ್ತು. ಎಲ್ಲರ ಅಂಕವೂ ಮೇಲಕ್ಕೇ ಹೋಗಿ ಗುಂಪುಗೂಡಿದವು. 2016ರಿಂದ ಆರಂಭವಾದ ಹೊಸ ವಿಜ್ಞಾನ ಕೋರ್ಸ್‌ಗಳಲ್ಲಿ ಅದನ್ನು ತೆಗೆದರು. ಅದರ ಬದಲು ಮಾಡಲೇಬೇಕಾದ ಪ್ರಯೋಗಗಳ ಪಟ್ಟಿ ಕೊಟ್ಟು, ಲಿಖಿತ ಪರೀಕ್ಷೆಯ ಕನಿಷ್ಠ ಶೇ 15 ಅಂಕ ಪ್ರಾಯೋಗಿಕ ಕೌಶಲದ ಮೇಲೆಯೇ ಇರಬೇಕು ಅಂತ ನಿಯಮ ಮಾಡಿದರು. ಎ ಲೆವೆಲ್‌ನಲ್ಲಿ ಕನಿಷ್ಠ 12 ಪ್ರಯೋಗ ಮಾಡಿರಬೇಕು, ಅದರ ಫಲಿತಾಂಶ ಮುಖ್ಯ ಗ್ರೇಡಿಗೆ ಸೇರದೆ ಪ್ರತ್ಯೇಕವಾಗಿ ಅಂಕಪಟ್ಟಿಯಲ್ಲಿ ಬರುತ್ತೆ. ಆಗ ವಿಜ್ಞಾನಿಗಳ ಸಂಘಟನೆಗಳು ಜೋರಾಗಿಯೇ ವಿರೋಧಿಸಿದವು. ಅಂಕ ಇಲ್ಲದಿದ್ದರೆ ಪ್ರಯೋಗ ಯಾರು ಮಾಡಿಸ್ತಾರೆ ಅನ್ನೋದು ಅವರ ಪ್ರಶ್ನೆ. ಆ ಪ್ರಶ್ನೆ ನಮಗಂತೂ ಇನ್ನೂ ಹೆಚ್ಚು ಅನ್ವಯಿಸುತ್ತೆ, ಯಾಕಂದರೆ ನಮ್ಮ ಎಷ್ಟೋ ಶಾಲೆಗಳಲ್ಲಿ ಲ್ಯಾಬ್ ಅನ್ನೋದೇ ಒಂದು ಬೀರು. ಹಾಗಾಗಿ ಇಂಗ್ಲೆಂಡನ್ನು ಹಾಗೇ ನಕಲು ಹೊಡೆಯಬೇಕಿಲ್ಲ.

ಹೋಶಂಗಾಬಾದಿನ ಹಳ್ಳಿ ಶಾಲೆಗಳು

ಇನ್ನೂ ಹತ್ತಿರದಲ್ಲಿ ನಮ್ಮದೇ ದೇಶದ ಪಾಠ ಇದೆ. 1972ರಲ್ಲಿ ಮಧ್ಯಪ್ರದೇಶದ ಹೋಶಂಗಾಬಾದ್ ಜಿಲ್ಲೆಯ 16 ಮಾಧ್ಯಮಿಕ ಶಾಲೆಗಳಲ್ಲಿ ಒಂದು ವಿಜ್ಞಾನ ಕಲಿಕಾ ಕಾರ್ಯಕ್ರಮ ಶುರುವಾಯ್ತು. ಕಿಶೋರ್ ಭಾರತಿ ಮತ್ತು ಫ್ರೆಂಡ್ಸ್ ರೂರಲ್ ಸೆಂಟರ್ ಅನ್ನುವ ಎರಡು ಸಂಸ್ಥೆಗಳು ಸರ್ಕಾರದ ಜೊತೆ ಸೇರಿ ಮಾಡಿದ್ದು. 6ರಿಂದ 8ನೇ ತರಗತಿಯ ಮಕ್ಕಳು ಗುಂಪುಗಳಲ್ಲಿ ಕೂತು ಅಗ್ಗದ ಸಾಮಗ್ರಿಗಳಿಂದ ಪ್ರಯೋಗ ಮಾಡಬೇಕು, ಕಂಡದ್ದನ್ನು ಬರೆಯಬೇಕು, ತೀರ್ಮಾನಕ್ಕೆ ತಾವೇ ಬರಬೇಕು. 1978ರಲ್ಲಿ ಅದು ಇಡೀ ಜಿಲ್ಲೆಗೆ ಹಬ್ಬಿತು. ಬೆಂಕಿಕಡ್ಡಿ, ಸೈಕಲ್ ವಾಲ್ವ್ ಟ್ಯೂಬಿನಿಂದ ಆಟಿಕೆ ಮಾಡಿ ವಿಜ್ಞಾನ ಹೇಳಿಕೊಡುವ ಐಐಟಿ ಪದವೀಧರ ಅರವಿಂದ ಗುಪ್ತ ಅವರ ಕೆಲಸ ಅರಳಿದ್ದೂ ಈ ನಂಟಿನಲ್ಲೇ. 1982ರಲ್ಲಿ ಇದನ್ನು ಮುಂದುವರಿಸಲು ಏಕಲವ್ಯ ಸಂಸ್ಥೆ ಹುಟ್ಟಿತು.

ಕಿಟ್, ತರಬೇತಿ, ಶಿಕ್ಷಕರ ಮಾಸಿಕ ಸಭೆ ಎಲ್ಲ ಇತ್ತು. ಆದರೆ ನನಗೆ ಮುಖ್ಯ ಅನಿಸೋದು ಅವರ ಪರೀಕ್ಷೆ. ಪಾಠ ಬದಲಿಸಿ ಪರೀಕ್ಷೆಯನ್ನು ಹಾಗೇ ಬಿಟ್ಟರೆ ಪ್ರಯೋಜನ ಇಲ್ಲ ಅಂತ ಅವರಿಗೆ ಮೊದಲೇ ಗೊತ್ತಿತ್ತು. ಅದಕ್ಕೇ ಎಂಟನೇ ತರಗತಿ ಬೋರ್ಡ್ ಪರೀಕ್ಷೆಯಲ್ಲಿ ಪುಸ್ತಕ ತೆರೆದಿಟ್ಟುಕೊಂಡು ಬರೆಯುವ ಪತ್ರಿಕೆ ಮತ್ತು ಪ್ರಾಯೋಗಿಕ ಪರೀಕ್ಷೆ ಎರಡನ್ನೂ ತಂದರು. ಎಲ್ಲಿ? ಬೆಂಗಳೂರಿನ ಇಂಟರ್‌ನ್ಯಾಷನಲ್ ಸ್ಕೂಲಿನಲ್ಲಿ ಅಲ್ಲ, ಎಪ್ಪತ್ತರ ದಶಕದ ಮಧ್ಯಪ್ರದೇಶದ ಸರ್ಕಾರಿ ಶಾಲೆಗಳಲ್ಲಿ. 'ನಮ್ಮಲ್ಲಿ ಆಗಲ್ಲ ಸಾರ್' ಅನ್ನುವವರಿಗೆ ಇದು ಉತ್ತರ.

ಆ ಕಾರ್ಯಕ್ರಮ ನೂರಾರು ಶಾಲೆಗಳಿಗೆ ಹಬ್ಬಿ, ಮೂರು ದಶಕ ನಡೆದು, 2002ರಲ್ಲಿ ಸರ್ಕಾರದ ಆದೇಶದಿಂದ ನಿಂತಿತು. ಅದರ ಮುಗಿಯದ ಸಮಸ್ಯೆಯೊಂದು ನಮಗೆ ಬೇಕಾದದ್ದು: ಎಂಟರವರೆಗೆ ಹೊಸ ಪರೀಕ್ಷೆ, ಒಂಬತ್ತು-ಹತ್ತಕ್ಕೆ ಬಂದ ಕೂಡಲೇ ಮತ್ತೆ ಹಳೇ ಪರೀಕ್ಷೆ. ಮೇಲಿನ ತರಗತಿ ಬದಲಾಗದಿದ್ದರೆ ಕೆಳಗಿನ ಬದಲಾವಣೆಗೆ ಆಯುಷ್ಯ ಕಡಿಮೆ.

ನಮ್ಮಲ್ಲೂ ಇದೇ ಕಥೆ ಇದೆ. 1995ರಲ್ಲಿ ಎಚ್.ಡಿ. ಕೋಟೆ ತಾಲ್ಲೂಕಿನಲ್ಲಿ ಶುರುವಾಗಿ ಆಮೇಲೆ ರಾಜ್ಯಕ್ಕೆಲ್ಲ ಹಬ್ಬಿದ ನಲಿ-ಕಲಿಯಲ್ಲಿ 1ರಿಂದ 3ನೇ ತರಗತಿಯ ಮಗು ಕಲಿಕಾ ಏಣಿಯ ಒಂದೊಂದೇ ಮೆಟ್ಟಿಲು ಹತ್ತುತ್ತೆ. ಕಲಿಕೆ ಬೇರೆ, ಪರೀಕ್ಷೆ ಬೇರೆ ಅಂತಿಲ್ಲ. ಅಕ್ಷರ ಫೌಂಡೇಷನ್‌ನ ಗಣಿತ ಕಲಿಕಾ ಆಂದೋಲನದ ಕಿಟ್‌ಗಳು ಸರ್ಕಾರಿ ಶಾಲೆಗಳ 4, 5ನೇ ತರಗತಿಗೆ ಹೋಗಿವೆ. ಆಮೇಲೆ? ಮೇಲಿನ ತರಗತಿಗೆ ಹೋದಂತೆ ಕೈ ಸುಮ್ಮನಾಗುತ್ತೆ, ಹತ್ತನೇ ತರಗತಿಗೆ ಬರುವಾಗ ಉಳಿಯೋದು ಗೈಡು.

ಮಾಡಿದರೆ ಸಾಕಾ?

ಇಲ್ಲಿ ನನ್ನ ವಾದಕ್ಕೆ ನಾನೇ ಒಂದು ಅಡ್ಡ ಪ್ರಶ್ನೆ ಹಾಕ್ತೀನಿ. ಕೈಯಲ್ಲಿ ಮಾಡಿದ ಕೂಡಲೇ ಕಲಿತಂತಾಯ್ತಾ? 2025ರಲ್ಲಿ ನೇಚರ್ ಪತ್ರಿಕೆಯಲ್ಲಿ ಅಭಿಜಿತ್ ಬ್ಯಾನರ್ಜಿ, ಎಸ್ತರ್ ಡುಫ್ಲೊ ಮತ್ತು ಸಂಗಡಿಗರ ಅಧ್ಯಯನ ಪ್ರಕಟವಾಯ್ತು. ಕೋಲ್ಕತ್ತ, ದೆಹಲಿಯ ಮಾರುಕಟ್ಟೆಗಳಲ್ಲಿ ಕೆಲಸ ಮಾಡುವ ಮಕ್ಕಳು ಇಷ್ಟು ಕೆಜಿ ಆಲೂಗಡ್ಡೆಗೆ ಎಷ್ಟು, ಚಿಲ್ಲರೆ ಎಷ್ಟು ಅಂತ ಬಾಯಲ್ಲೇ ಸರಿಯಾಗಿ ಹೇಳ್ತಾರೆ. ಅದೇ ಲೆಕ್ಕವನ್ನು ಶಾಲೆಯ ಥರ ಕಾಗದದಲ್ಲಿ ಕೊಟ್ಟರೆ ತಡವರಿಸ್ತಾರೆ. ಅತ್ತ ಶಾಲೆಗೆ ಹೋಗುವ ಮಕ್ಕಳಿಗೆ ಪುಸ್ತಕದ ಲೆಕ್ಕ ಬರುತ್ತೆ, ಮಾರುಕಟ್ಟೆಯ ಲೆಕ್ಕದಲ್ಲಿ ಸೋಲ್ತಾರೆ.

ಎರಡೂ ಕಡೆಯ ಮಕ್ಕಳಿಗೆ ಗಣಿತ ಬರುತ್ತೆ, ಮಧ್ಯೆ ಸೇತುವೆ ಇಲ್ಲ. ನಮ್ಮ ಮೇಸ್ತ್ರಿಗಳು ಮನೆಯ ಪಾಯಕ್ಕೆ ಮೂಲೆಮಟ್ಟ ನೋಡಲು ದಾರದಲ್ಲಿ 3-4-5 ಅಳತೆ ಹಿಡಿತಾರಲ್ಲ, ಅದು ಪೈಥಾಗರಸ್ ಪ್ರಮೇಯವೇ. ಆದರೆ ಯಾರಾದರೂ ಕೂತು 'ಯಾಕೆ 3-4-5? 6-8-10 ಆದರೂ ಆಗುತ್ತಾ? 4-5-6 ಯಾಕೆ ಆಗಲ್ಲ?' ಅಂತ ಕೇಳದಿದ್ದರೆ ಅದು ಪ್ರಮೇಯ ಆಗಲ್ಲ. ಕೇಳುವವರು ಶಿಕ್ಷಕರು. ಅದಕ್ಕೆ ಅವರಿಗೆ ಸಮಯ ಬೇಕು.

ಸಮಯದ ವಿಷಯಕ್ಕೆ ಬಂದರೆ, ಪಾಸ್ ಅಂಕ ಇಳಿಸಿದ ಅದೇ ಅಕ್ಟೋಬರ್ ತಿಂಗಳಲ್ಲಿ ಸರ್ಕಾರಿ ಶಾಲಾ ಶಿಕ್ಷಕರು ಎಲ್ಲಿದ್ದರು ನೆನಪಿಸಿಕೊಳ್ಳಿ. ಹಿಂದುಳಿದ ವರ್ಗಗಳ ಆಯೋಗದ ಸಮೀಕ್ಷೆಗೆ ಮನೆಮನೆ ಸುತ್ತುತ್ತಿದ್ದರು, ದಸರಾ ರಜೆಯನ್ನು ಅದಕ್ಕಾಗಿಯೇ ಅಕ್ಟೋಬರ್ 18ರವರೆಗೆ ವಿಸ್ತರಿಸಲಾಯ್ತು. ಆ ಸಮೀಕ್ಷೆ ಬೇಕಿತ್ತು ಅನ್ನುವವರಲ್ಲಿ ನಾನೂ ಒಬ್ಬ. ಆದರೆ ಪ್ರತಿ ಸಲವೂ ಅದರ ಬೆಲೆಯನ್ನು ಸರ್ಕಾರಿ ಶಾಲೆಯ ಮಗುವೇ ಯಾಕೆ ಕಟ್ಟಬೇಕು? ಖಾಸಗಿ ಶಾಲೆಯ ಮಗುವಿನ ಲ್ಯಾಬ್ ಪೀರಿಯಡ್ ಯಾರೂ ಕಿತ್ತುಕೊಳ್ಳಲ್ಲವಲ್ಲ.

ಹಾಗಾದರೆ ಏನು ಕೇಳಬೇಕು

'ಆಂತರಿಕ ಅಂಕ ತೆಗೆದುಹಾಕಿ' ಅನ್ನೋದು ಉತ್ತರ ಅಲ್ಲ ಅಂತ ನನ್ನ ಅಭಿಪ್ರಾಯ. ಈ ನಾಲ್ಕನ್ನು ಕೇಳೋಣ.

ಮೊದಲನೆಯದು, ಶೈಕ್ಷಣಿಕ ವರ್ಷದ ಆರಂಭದಲ್ಲೇ ವಿಜ್ಞಾನಕ್ಕೆ ಹತ್ತು-ಹನ್ನೆರಡು ಪ್ರಯೋಗ, ಗಣಿತಕ್ಕೆ ಐದಾರು ಅಳತೆ ಮತ್ತು ದತ್ತಾಂಶ ಚಟುವಟಿಕೆಗಳ ಪಟ್ಟಿಯನ್ನು ಪರೀಕ್ಷಾ ಮಂಡಳಿ ಪ್ರಕಟಿಸಲಿ. ಅಗ್ಗದ ಸಾಮಗ್ರಿಯಲ್ಲಿ ಆಗುವಂಥವೇ ಇರಲಿ. ಲಿಖಿತ ಪತ್ರಿಕೆಯ 80ರಲ್ಲಿ ಕನಿಷ್ಠ 12 ಅಂಕ ಅವನ್ನು ಮಾಡಿದವರಿಗೆ ಮಾತ್ರ ಸುಲಭವಾಗುವ ಪ್ರಶ್ನೆಗಳಿಗೆ ಮೀಸಲಿರಲಿ.

ಎರಡನೆಯದು, 20 ಅಂಕದಲ್ಲಿ ಅರ್ಧವನ್ನಾದರೂ ಕ್ಲಸ್ಟರ್ ಮಟ್ಟದ ಸಣ್ಣ ಪ್ರಾಯೋಗಿಕ ಪರೀಕ್ಷೆಗೆ ಕೊಡಲಿ. ಹತ್ತು ನಿಮಿಷದ ಒಂದು ಕೆಲಸ, ನೋಡುವವರು ಪಕ್ಕದ ಶಾಲೆಯ ಶಿಕ್ಷಕರು. ರೀಡಿಂಗ್ ಪುಸ್ತಕದಂತೆ ಬಂತಾ ಅನ್ನೋದಕ್ಕೆ ಅಂಕ ಬೇಡ. ಹೇಗೆ ಅಳೆದೆ, ಬಾರದಿದ್ದರೆ ಯಾಕೆ ಅನ್ನೋದಕ್ಕೆ ಅಂಕ ಕೊಡಿ.

ಮೂರನೆಯದು, ಆಂತರಿಕ ಅಂಕ ಮತ್ತು ಲಿಖಿತ ಅಂಕದ ನಡುವಿನ ಅಂತರವನ್ನು ಶಾಲಾವಾರು ಪ್ರಕಟಿಸಿ. ಈ ಅಂಕಗಳೆಲ್ಲ ಈಗಾಗಲೇ ಆನ್‌ಲೈನ್‌ನಲ್ಲೇ ದಾಖಲಾಗುತ್ತವೆ. ಒಂದು ಶಾಲೆಯಲ್ಲಿ ಎಲ್ಲರಿಗೂ ಆಂತರಿಕ 20, ಲಿಖಿತ ಸರಾಸರಿ 15 ಇದ್ದರೆ ಅಲ್ಲಿಗೆ ಮೊದಲು ಹೋಗಬೇಕಾದದ್ದು ಶಿಕ್ಷಕರ ಖಾಲಿ ಹುದ್ದೆ ತುಂಬುವ ಆದೇಶ, ಲ್ಯಾಬ್ ಸಾಮಗ್ರಿ. ನೋಟಿಸ್ ಆಮೇಲೆ. ಮೊದಲು ನೋಟಿಸ್ ಹೋದರೆ ಮುಂದಿನ ವರ್ಷ ಅಂಕಿಅಂಶ ಚೆಂದವಾಗಿ ಹೊಂದಿಕೊಂಡು ಬರುತ್ತೆ, ಬೇರೇನೂ ಬದಲಾಗಲ್ಲ.

ನಾಲ್ಕನೆಯದು, ಆಸಿಡ್, ತಂತಿ, ಸೆಲ್, ಗಾಜಿನ ಸಾಮಾನಿಗೆ ಪ್ರತಿ ಹೈಸ್ಕೂಲಿಗೂ ವರ್ಷವರ್ಷ ಹಣ, ಒಡೆದದ್ದಕ್ಕೆ ಶಿಕ್ಷಕರ ಜೇಬಿಗೆ ಕೈ ಹಾಕದ ನಿಯಮ. ಬೀರುವಿನ ಬೀಗ ತೆಗೆಯೋಕೆ ಇದಕ್ಕಿಂತ ದೊಡ್ಡ ಸುಧಾರಣೆ ಬೇಕಿಲ್ಲ.

ಇದನ್ನೆಲ್ಲ ಓದುತ್ತಿರುವ ನಿಮ್ಮಲ್ಲಿ ಹೆಚ್ಚಿನವರು ಈ ಪರೀಕ್ಷೆಯನ್ನು ದಾಟಿ ಬಂದವರು. ಶೇ 33 ಸರಿಯೋ ತಪ್ಪೋ ಅಂತ ಪೋಸ್ಟ್ ಹಾಕುವಾಗ ಇನ್ನೊಂದು ಪ್ರಶ್ನೆಯನ್ನೂ ಸೇರಿಸಿ. ನಿಮ್ಮ ಊರಿನ ಸರ್ಕಾರಿ ಹೈಸ್ಕೂಲಿಗೆ ಹೋಗಿ, ಎಸ್‌ಡಿಎಂಸಿ ಸದಸ್ಯರೊಬ್ಬರನ್ನು ಜೊತೆಗೆ ಕರೆದುಕೊಂಡೇ ಹೋಗಿ, ಈ ವರ್ಷ ಹತ್ತನೇ ತರಗತಿ ಮಕ್ಕಳು ಎಷ್ಟು ಪ್ರಯೋಗ ಮಾಡಿದ್ದಾರೆ ಅಂತ ಕೇಳಿ. ಶಿಕ್ಷಕರನ್ನು ಮಾತ್ರ ಅಲ್ಲ, ಮಕ್ಕಳನ್ನೂ ಕೇಳಿ. ಬಂದ ಉತ್ತರ ಎರಡೋ ಮೂರೋ ಆಗಿದ್ದು, ಅಂಕ ಮಾತ್ರ ಎಲ್ಲರಿಗೂ 20 ಇದ್ದರೆ, ಆ ಸಂಖ್ಯೆ ಹಿಡಿದುಕೊಂಡು ನಿಮ್ಮ ಶಾಸಕರ ಹತ್ತಿರ ಹೋಗಿ. ಕಲಬುರಗಿಯ ಮಗುವಿಗೂ ಮಂಗಳೂರಿನ ಮಗುವಿಗೂ ಸಿಗುವ ಆ 20 ಅಂಕದ ಹಿಂದೆ ಒಂದೇ ಥರದ ಕಲಿಕೆ ಇರಬೇಕು ಅಂತ ಕೇಳೋದು ಅಂಕ ಇಳಿಸುವ ಬೇಡಿಕೆಗಿಂತ ಕಷ್ಟದ್ದು. ಸರ್ಕಾರಕ್ಕೆ ಅದಕ್ಕೆ ದುಡ್ಡೂ ಖರ್ಚಾಗುತ್ತೆ. ಅದಕ್ಕೇ ಅದನ್ನು ಕೇಳುವವರು ಬೇಕು.